ಶ್ರೀರಂಗಪಟ್ಟಣಕ್ಕೆ ಒಂದು ದಿನ: ಕಲ್ಲಿನಲ್ಲಿ ಹೆಸರಿಲ್ಲದವರ ನೆನಪಿಗಾಗಿ

ಕರಾವಳಿಯ ಕಥೊಲಿಕ ಮನೆಗಳಲ್ಲಿ ಶ್ರೀರಂಗಪಟ್ಟಣದ ಸೆರೆವಾಸದ ಕಥೆ ಕೇಳದೆ ಬೆಳೆದವರು ಕಡಿಮೆ. ಅಜ್ಜಿಯರು ಹೇಳುತ್ತಿದ್ದರು, ಧರ್ಮೋಪದೇಶದ ತರಗತಿಯಲ್ಲಿ ಕೇಳುತ್ತಿದ್ದೆವು. ಆದರೂ ಆ ಊರನ್ನು ನಾವು ನೋಡಿದ್ದು ಹೆಚ್ಚಾಗಿ ಶಾಲಾ ಪ್ರವಾಸದಲ್ಲಿ, ಮೈಸೂರು ಅರಮನೆ ಮತ್ತು ಬೃಂದಾವನದ ನಡುವೆ ಸಿಕ್ಕ ಒಂದು ಗಂಟೆಯಲ್ಲಿ. ನಮ್ಮ ಹಿರಿಯರು ಅಲ್ಲಿಗೆ ಬಂದದ್ದು ಪ್ರವಾಸಕ್ಕಲ್ಲ ಎಂಬುದು ಆಗ ನೆನಪಾಗುತ್ತಿರಲಿಲ್ಲ.

ಉದ್ಯೋಗದ ನಿಮಿತ್ತ ಚಾಮರಾಜನಗರ ಮತ್ತು ಗುಂಡ್ಲುಪೇಟೆಯಲ್ಲಿ ನೆಲೆಸಿರುವ ಕರಾವಳಿಯ ನಾಲ್ಕು ಕುಟುಂಬಗಳು ನಾವು. ಎರಡೂ ಊರುಗಳಿಂದ ಶ್ರೀರಂಗಪಟ್ಟಣಕ್ಕೆ ಸುಮಾರು 75 ಕಿ.ಮೀ. ನಮ್ಮಲ್ಲೊಬ್ಬರ ಮಗ ಜರ್ಮನಿಯಲ್ಲಿ ಕೆಲಸದಲ್ಲಿದ್ದಾನೆ. ರಜೆಗೆ ಬಂದವನು ಮ್ಯೂನಿಕ್ ಬಳಿಯ ಡಾಖಾವ್ ಸೆರೆಶಿಬಿರದ ಸ್ಮಾರಕವನ್ನು ನೋಡಿದ್ದನ್ನು ವಿವರಿಸಿದ. ನಾಜಿಗಳು 1933ರಲ್ಲಿ ತೆರೆದ ಆ ಶಿಬಿರದಲ್ಲಿ 1945ರವರೆಗೆ ಎರಡು ಲಕ್ಷಕ್ಕೂ ಹೆಚ್ಚು ಜನ ಸೆರೆಯಲ್ಲಿದ್ದರು, 40,000ಕ್ಕೂ ಹೆಚ್ಚು ಜನ ಸತ್ತರು. ಅಲ್ಲಿ ಕೂಡಿಹಾಕಿದ್ದ 2,700ಕ್ಕೂ ಹೆಚ್ಚು ಧರ್ಮಗುರುಗಳಲ್ಲಿ ಬಹುಪಾಲು ಕಥೊಲಿಕರು. 1942ರಲ್ಲಿ ಅಲ್ಲೇ ಪ್ರಾಣ ಬಿಟ್ಟ ಕಾರ್ಮೆಲ್ ಸಭೆಯ ಟೈಟಸ್ ಬ್ರಾಂಡ್ಸ್ಮಾ ಅವರನ್ನು 2022ರಲ್ಲಿ, ನಮ್ಮ ದೇಶದ ದೇವಸಹಾಯಂ ಪಿಳ್ಳೆಯವರ ಜೊತೆಗೇ, ಸಂತರೆಂದು ಘೋಷಿಸಲಾಯಿತು. "ಅಲ್ಲಿ ಸತ್ತವರ ಹೆಸರುಗಳನ್ನು ಇಂದಿಗೂ ಹುಡುಕಿ ಬರೆದಿಡುತ್ತಾರೆ. ನಮ್ಮವರ ಹೆಸರು ಶ್ರೀರಂಗಪಟ್ಟಣದಲ್ಲಿ ಎಲ್ಲಿದೆ?" ಎಂದು ಅವನು ಕೇಳಿದ. ಉತ್ತರ ಹುಡುಕಲು ಒಂದು ಭಾನುವಾರ ಮೊದಲ ಪೂಜೆ ಮುಗಿಸಿ ಬಾಡಿಗೆ ವ್ಯಾನಿನಲ್ಲಿ ಹೊರಟೆವು.

ಡಾಖಾವ್ ಬೇರೆ, ಶ್ರೀರಂಗಪಟ್ಟಣ ಬೇರೆ. ಕಾಲ, ಉದ್ದೇಶ, ವಿಧಾನ ಯಾವುದೂ ಒಂದಲ್ಲ. ಆದರೆ ಇಂತಹ ಜಾಗಕ್ಕೆ ಸಿದ್ಧತೆಯಿಲ್ಲದೆ ಹೋಗಬಾರದು ಎಂಬ ಮಾತು ಎರಡಕ್ಕೂ ಸಲ್ಲುತ್ತದೆ. ಆದ್ದರಿಂದ ಹೊರಡುವ ಮುನ್ನ ಮಕ್ಕಳನ್ನು ಕೂರಿಸಿಕೊಂಡು, ಖಚಿತವಾದದ್ದು ಯಾವುದು, ವಿವಾದವಿರುವುದು ಯಾವುದು ಎಂದು ಬೇರೆ ಬೇರೆಯಾಗಿ ಹೇಳಿದೆವು.

ಖಚಿತವಾದದ್ದು ಮತ್ತು ವಿವಾದವಿರುವುದು

ಎರಡನೆಯ ಮೈಸೂರು ಯುದ್ಧದಲ್ಲಿ, 1783ರಲ್ಲಿ, ಇಂಗ್ಲಿಷರು ಮಂಗಳೂರನ್ನು ವಶಪಡಿಸಿಕೊಂಡರು. ಟಿಪ್ಪು ಸುಲ್ತಾನ್ ಕೋಟೆಗೆ ಮುತ್ತಿಗೆ ಹಾಕಿ 1784ರ ಜನವರಿಯಲ್ಲಿ ಅದನ್ನು ಮರಳಿ ಪಡೆದನು. ಕ್ರೈಸ್ತರು ಶತ್ರುಗಳಿಗೆ ನೆರವಾದರು ಎಂಬುದು ಅವನ ಆರೋಪ. ಅದೇ ವರ್ಷ ತಪಸ್ಸುಕಾಲದ ಆರಂಭದಲ್ಲಿ ಕೆನರಾದ ಕ್ರೈಸ್ತರನ್ನು ಮನೆಮನೆಯಿಂದ ಹಿಡಿದು ಘಟ್ಟ ಹತ್ತಿಸಿ ಶ್ರೀರಂಗಪಟ್ಟಣಕ್ಕೆ ನಡೆಸಲಾಯಿತು. ಜಮೀನು ಮುಟ್ಟುಗೋಲಾಯಿತು. 1680ರಲ್ಲಿ ಕಟ್ಟಿದ್ದ ಮಂಗಳೂರಿನ ಮಿಲಾಗ್ರಿಸ್ ಸಹಿತ ಅನೇಕ ಇಗರ್ಜಿಗಳು ನೆಲಸಮವಾದವು. ದಾರಿಯಲ್ಲಿ ಮತ್ತು ಸೆರೆಯಲ್ಲಿ ಹಸಿವು, ರೋಗ, ಹಿಂಸೆಗಳಿಂದ ಸಾವಿರಾರು ಜನ ಸತ್ತರು. ಅನೇಕರನ್ನು ಬಲವಂತವಾಗಿ ಮತಾಂತರಿಸಿ, ಯುವಕರನ್ನು ಸೈನ್ಯದ ದಳಗಳಿಗೆ ಸೇರಿಸಲಾಯಿತು. 1799ರ ಮೇ 4ರಂದು ಕೋಟೆ ಬಿದ್ದು ಟಿಪ್ಪು ಮಡಿಯುವವರೆಗೆ, ಅಂದರೆ 15 ವರ್ಷ, ಈ ಸೆರೆವಾಸ ನಡೆಯಿತು.

ವಿವಾದವಿರುವುದು ಸಂಖ್ಯೆಯ ಬಗ್ಗೆ. ಟಿಪ್ಪುವಿನ ಸೆರೆಯಲ್ಲೇ ಇದ್ದ ಇಂಗ್ಲಿಷ್ ನಾವಿಕ ಜೇಮ್ಸ್ ಸ್ಕರಿ 30,000 ಎನ್ನುತ್ತಾನೆ. ಫ್ರೆಂಚ್ ಧರ್ಮಗುರು ಅಬ್ಬೆ ದುಬಾಯ್ 60,000ಕ್ಕೂ ಹೆಚ್ಚು ಎನ್ನುತ್ತಾರೆ. 80,000 ಎನ್ನುವ ಲೆಕ್ಕವೂ ಇದೆ. ಆರೋಪ ಎಷ್ಟು ನಿಜ, ಕಾರಣ ರಾಜಕೀಯವೇ ಧಾರ್ಮಿಕವೇ ಎಂಬುದರಲ್ಲೂ ಇತಿಹಾಸಕಾರರು ಒಮ್ಮತಕ್ಕೆ ಬಂದಿಲ್ಲ. ಕೆಲವರ ತಪ್ಪಿಗೆ ತೊಟ್ಟಿಲ ಕೂಸನ್ನೂ ಸೇರಿಸಿ ಇಡೀ ಜನಾಂಗವನ್ನೇ ಶಿಕ್ಷಿಸಿದ್ದು ಅನ್ಯಾಯ ಎನ್ನಲು ಮಾತ್ರ ಯಾವ ಲೆಕ್ಕವೂ ಬೇಕಾಗಿಲ್ಲ. ಈ ಸಂಕಟ ನಮ್ಮವರೊಬ್ಬರದೇ ಆಗಿರಲಿಲ್ಲ; ಕೊಡವರು, ಮಲಬಾರಿನ ನಾಯರ್‌ಗಳು, ಇಂಗ್ಲಿಷ್ ಸೈನಿಕರು ಕೂಡ ಸೆರೆಯಾಳುಗಳಾಗಿ ಬಂದಿದ್ದರು.

ಎಲ್ಲಿ ಏನು ನೋಡುವುದು

ಮೊದಲು ಕೋಟೆಯ ಉತ್ತರ ಭಾಗದಲ್ಲಿರುವ ಕರ್ನಲ್ ಬೇಲಿ ಬಂದೀಖಾನೆಗೆ ಹೋದೆವು. ನೆಲಮಟ್ಟದಿಂದ ಕೆಳಗೆ, ಕಮಾನುಗಳ ತಂಪು ಕೋಣೆ. ಗೋಡೆಯಿಂದ ಹೊರಚಾಚಿದ ಕಲ್ಲುಗಳಲ್ಲಿ ಸರಪಳಿಗಾಗಿ ಕೊರೆದ ತೂತುಗಳಿವೆ. 1780ರಲ್ಲಿ ಪೊಳ್ಳಿಲೂರಿನಲ್ಲಿ ಸೆರೆಸಿಕ್ಕ ಕರ್ನಲ್ ಬೇಲಿ 1782ರಲ್ಲಿ ಶ್ರೀರಂಗಪಟ್ಟಣದ ಸೆರೆಯಲ್ಲೇ ತೀರಿಕೊಂಡ. ಅದೇ ಯುದ್ಧದಲ್ಲಿ ಸಿಕ್ಕಿಬಿದ್ದು 1784ರಲ್ಲಿ ಬಿಡುಗಡೆಯಾದ ಡೇವಿಡ್ ಬೇರ್ಡ್ 1799ರ ಕೊನೆಯ ದಾಳಿಯ ಮುಂದಾಳಾದ. ನಮ್ಮವರನ್ನೂ ಇಲ್ಲೇ ಇಟ್ಟಿದ್ದರು ಎಂದು ಭಾವಿಸುವವರಿದ್ದಾರೆ. ಹತ್ತಾರು ಸಾವಿರ ಜನರಿಗೆ ಈ ನೆಲಮಾಳಿಗೆ ಎಲ್ಲಿ ಸಾಲುತ್ತದೆ? ಫಲಕದಲ್ಲಿರುವುದೂ ಇಂಗ್ಲಿಷ್ ಅಧಿಕಾರಿಗಳ ಹೆಸರುಗಳೇ.

ಅಲ್ಲಿಂದ ಪೂರ್ವಕ್ಕೆ ದರಿಯಾ ದೌಲತ್. ಗೋಡೆಯ ತುಂಬ ಪೊಳ್ಳಿಲೂರಿನ ವಿಜಯದ ಚಿತ್ರ. ಈ ಅರಮನೆ ಕಟ್ಟಿದ್ದು 1784ರಲ್ಲಿ ಎಂದು ಓದಿದಾಗ ನಮ್ಮ ಗುಂಪು ಮೌನವಾಯಿತು. ನಮ್ಮವರು ಕಾಲು ಸೋತು ಈ ದ್ವೀಪ ತಲುಪಿದ ವರ್ಷವೂ ಅದೇ.

ಮುಂದೆ ಗಂಜಾಂನಲ್ಲಿ ಅಬ್ಬೆ ದುಬಾಯ್ ಕಟ್ಟಿಸಿದ ಇಗರ್ಜಿಯಿದೆ. ಕೋಟೆ ಬಿದ್ದ ಮೇಲೆ ಬಂದ ಅವರು ಮೈಸೂರು ಸೀಮೆಯಲ್ಲಿ ಚದುರಿಹೋಗಿದ್ದ ಕ್ರೈಸ್ತರನ್ನು ಮತ್ತೆ ಒಗ್ಗೂಡಿಸಿದರು. ಸಿಡುಬಿಗೆ ಲಸಿಕೆ ಹಾಕಿಸುವ ಕೆಲಸವನ್ನೂ ಮಾಡಿದರು. ನಾವು ಇಡೀ ದಿನದಲ್ಲಿ ಹೆಚ್ಚು ಹೊತ್ತು ಕುಳಿತದ್ದು ಇಲ್ಲೇ.

ಕೊನೆಗೆ ಗುಂಬಜ್. ಹೈದರಾಲಿ, ಅವನ ಪತ್ನಿ, ಟಿಪ್ಪು ಇಲ್ಲಿ ಮಲಗಿದ್ದಾರೆ. ಹತ್ತಿರದಲ್ಲೇ ಕರ್ನಲ್ ಬೇಲಿಗೆ ಅವನ ಸಂಬಂಧಿ 1816ರಲ್ಲಿ ಕಟ್ಟಿಸಿದ ಸ್ಮಾರಕವೂ ಇದೆ.

ಮಗುವಿನ ಪ್ರಶ್ನೆ

ಗುಂಬಜ್ ಕಡೆಗೆ ಹೋಗುವಾಗ ವ್ಯಾನಿನಲ್ಲಿ ಆರನೇ ತರಗತಿಯ ಹುಡುಗನೊಬ್ಬ ಗಟ್ಟಿಯಾಗಿ ಕೇಳಿದ: "ಟೀಚರ್, ನಮ್ಮವರನ್ನು ಕೊಂದವರ ಗೋರಿಗೆ ನಾವು ಯಾಕೆ ಹೋಗುವುದು?" ನಮ್ಮ ಚಾಲಕ ಗುಂಡ್ಲುಪೇಟೆಯ ಮುಸ್ಲಿಂ ಬಾಂಧವರು. ಮಕ್ಕಳನ್ನು ದಿನವೂ ಶಾಲೆಗೆ ಬಿಡುವವರು ಅವರೇ. ಅವರು ಹಿಂತಿರುಗಿ ನೋಡಲಿಲ್ಲ. ನಮಗೆಲ್ಲ ತಲೆ ತಗ್ಗಿಸುವಂತಾಯಿತು.

ನಿವೃತ್ತ ಶಿಕ್ಷಕಿಯಾದ ಟೀಚರ್ ಸ್ವಲ್ಪ ತಡೆದು ಹೇಳಿದರು: "ನೋಡು ಮಗಾ, ಮೂಡಬಿದಿರೆ ಹತ್ತಿರದ ಹೊಸಬೆಟ್ಟು ಇಗರ್ಜಿ ಆ ಕಾಲದಲ್ಲಿ ಉಳಿದದ್ದು ಜೈನ ಚೌಟ ಅರಸರಿಂದ ಅಂತ ಹಿರಿಯರು ಹೇಳುತ್ತಾರೆ. ಮಾಡಿದ ತಪ್ಪಿಗೆ ಮಾಡಿದವನೇ ಹೊಣೆ. ಕೆಲವರು ಮಾಡಿದ್ದಕ್ಕೆ ಎಲ್ಲರನ್ನೂ ಹಿಡಿದರಲ್ಲ, ಅದೇ ಅಲ್ಲವಾ ನಮ್ಮವರಿಗೆ ಆದ ಅನ್ಯಾಯ? ಅದನ್ನೇ ನಾವು ಇನ್ನೊಬ್ಬರಿಗೆ ಮಾಡಬಹುದಾ?"

ಗುಂಬಜ್ ಬಳಿ ವ್ಯಾನ್ ನಿಲ್ಲಿಸಿ ಚಾಲಕರು ಆ ಹುಡುಗನನ್ನು ಕರೆದು, "ಚಪ್ಪಲಿ ಇಲ್ಲಿ ಬಿಡು ಪುಟ್ಟ, ಕಲ್ಲು ಕಾದಿರುತ್ತೆ, ನೆರಳಲ್ಲಿ ನಡಿ" ಎಂದು ಕೈಹಿಡಿದು ಮೆಟ್ಟಿಲು ಹತ್ತಿಸಿದರು. ಮಧ್ಯಾಹ್ನ ಕಾವೇರಿ ಸಂಗಮದ ಮರದಡಿ ಬುತ್ತಿ ಬಿಚ್ಚಿ ಎಲ್ಲರೂ ಒಟ್ಟಿಗೆ ಉಂಡೆವು.

ಹೆಸರು ಎಲ್ಲಿದೆ?

ಮರಳಿ ಬರುವಾಗ ಒಂದು ಮಾತು ಹೊಳೆಯಿತು. ನಾವಿರುವ ಎರಡು ಊರುಗಳಲ್ಲೂ ತಂದೆಗಾಗಿ ಮಗ ಮಾಡಿಸಿದ ಸ್ಮಾರಕಗಳಿವೆ. ಗುಂಡ್ಲುಪೇಟೆಯ ಪರವಾಸುದೇವ ದೇವಾಲಯ ಚಿಕ್ಕದೇವರಾಜ ಒಡೆಯರು ತಂದೆಯ ನೆನಪಿಗೆ ಕಟ್ಟಿಸಿದ್ದು. ಅರಿಕುಠಾರಕ್ಕೆ ಚಾಮರಾಜನಗರ ಎಂಬ ಹೆಸರು ಬಂದದ್ದು ಮುಮ್ಮಡಿ ಕೃಷ್ಣರಾಜ ಒಡೆಯರ ತಂದೆ ಖಾಸಾ ಚಾಮರಾಜ ಒಡೆಯರಿಂದ. 1826ರ ಚಾಮರಾಜೇಶ್ವರ ದೇವಾಲಯವೂ ಅವರ ನೆನಪಿನದೇ. ಅರಸನಿಗೆ ಮಗನಿದ್ದ, ಕರ್ನಲ್‌ಗೆ ಸಂಬಂಧಿಯಿದ್ದ. ಕಲ್ಲು ನೆನಪಿಡುವುದು ಕಲ್ಲು ನಿಲ್ಲಿಸುವವರು ಇದ್ದವರನ್ನು.

ನಮ್ಮವರಿಗೆ ಯಾರಿದ್ದರು? ಬದುಕುಳಿದವರು ಬರಿಗೈಯಲ್ಲಿ ಘಟ್ಟ ಇಳಿದರು. ಕೆನರಾದ ಮೊದಲ ಕಲೆಕ್ಟರ್ ಥಾಮಸ್ ಮನ್ರೋ ಕಾಲದಲ್ಲಿ ಜಮೀನು ಕೇಳಿ ಪಡೆದರು, ಬಿದ್ದ ಇಗರ್ಜಿಗಳನ್ನು ಮತ್ತೆ ಎಬ್ಬಿಸಿದರು. ಕರಾವಳಿಯಲ್ಲಿ ಭಾನುವಾರ ಗಂಟೆ ಬಾರಿಸುವ ಹಳೆಯ ಇಗರ್ಜಿಗಳೇ ಅವರು ಬಿಟ್ಟುಹೋದ ಸ್ಮಾರಕ. ಗಂಜಾಂ ಇಗರ್ಜಿಯಲ್ಲಿ ನಾವು ನಾಲ್ಕು ಮನೆಗಳವರು ನಮಗೆ ಗೊತ್ತಿರುವಷ್ಟು ಹಿಂದಿನ ಹಿರಿಯರ ಹೆಸರುಗಳನ್ನು ಒಂದೊಂದಾಗಿ ಓದಿದೆವು. ಹೆಚ್ಚಿನವರಿಗೆ ಮುತ್ತಜ್ಜನಿಂದ ಆಚೆ ಹೆಸರೇ ತಿಳಿದಿರಲಿಲ್ಲ. ನಾಚಿಕೆಯಾಯಿತು.

ಪ್ರಿಯ ಓದುಗರೇ, ನೀವೂ ಒಮ್ಮೆ ಹೋಗಿ ಬನ್ನಿ. ನೀರು, ಬುತ್ತಿ, ಟೋಪಿಯ ಜೊತೆಗೆ ಒಂದು ಹಾಳೆಯನ್ನೂ ಒಯ್ಯಿರಿ. ಹೊರಡುವ ಮೊದಲು ಮನೆಯ ಹಿರಿಯರನ್ನು, ನಿಮ್ಮ ಇಗರ್ಜಿಯ ಹಳೆಯ ದಾಖಲೆಗಳನ್ನು ಕೇಳಿ ಆ ಹಾಳೆಯಲ್ಲಿ ಹೆಸರುಗಳನ್ನು ಬರೆಯಿರಿ. ಹಿರಿಯರು ಇರುವಾಗಲೇ ಕೇಳಿರಿ. ನಾವು ಊರಿಗೆ ಹೋದಾಗ ಮಾಡಬೇಕಾದ ಮೊದಲ ಕೆಲಸ ಇದೇ ಎಂದು ನಾಲ್ಕು ಮನೆಯವರೂ ನಿಶ್ಚಯಿಸಿದ್ದೇವೆ.