ಮೋಲಿಯ ಕಿಟಕಿ ಮತ್ತು ಕಪ್ಪುಪಟ್ಟಿ

ನ್ಯೂಯಾರ್ಕಿನ ಬ್ರಾಂಕ್ಸ್ ಬಡಾವಣೆಯ ವಠಾರವೊಂದರ ಕಿಟಕಿ. ಹೊರಬಾಗಿದ ಗೃಹಿಣಿಯೊಬ್ಬಳು ನೋಡುಗರನ್ನೇ ನೆರೆಮನೆಯವರೆಂದು ಭಾವಿಸಿ ಮಾತಿಗೆಳೆಯುತ್ತಾಳೆ. ಯೋಗಕ್ಷೇಮದ ನಡುವೆ ಸ್ಯಾಂಕಾ ಕಾಫಿಯ ಗುಣಗಾನವೂ ನಡೆಯುತ್ತದೆ. ಜಾಹೀರಾತು ಮುಗಿಸಿ ಆಕೆ ಮನೆಯೊಳಕ್ಕೆ ತಿರುಗಿದರೆ ಕಥೆ ಆರಂಭ. 1949ರ ಜನವರಿಯಲ್ಲಿ ಅಮೆರಿಕದ ಸಿಬಿಎಸ್ ವಾಹಿನಿಯಲ್ಲಿ ಶುರುವಾದ 'ದಿ ಗೋಲ್ಡ್‌ಬರ್ಗ್ಸ್' ಧಾರಾವಾಹಿ ತೆರೆದುಕೊಳ್ಳುತ್ತಿದ್ದುದು ಹೀಗೆ.

ಆ ಮೋಲಿ ಗೋಲ್ಡ್‌ಬರ್ಗ್ ಪಾತ್ರದ ನಟಿ ಗರ್ಟ್ರೂಡ್ ಬರ್ಗ್ ಬರೀ ನಟಿಯಾಗಿರಲಿಲ್ಲ. ಪಾತ್ರದ ಸೃಷ್ಟಿ, ಕಥೆ, ಸಂಭಾಷಣೆ ಎಲ್ಲವೂ ಅವರವೇ. 1899ರಲ್ಲಿ ನ್ಯೂಯಾರ್ಕಿನ ಯಹೂದಿ ಕುಟುಂಬದಲ್ಲಿ ಜನಿಸಿದ ಅವರು ಮೊದಲು ಬರೆದದ್ದು, ಕ್ಯಾಟ್‌ಸ್ಕಿಲ್ ಬೆಟ್ಟಗಳಲ್ಲಿ ತಂದೆ ನಡೆಸುತ್ತಿದ್ದ ಹೋಟೆಲಿನ ಅತಿಥಿಗಳನ್ನು ರಂಜಿಸಲು. 1929ರ ನವೆಂಬರಿನಲ್ಲಿ, ಷೇರುಪೇಟೆ ಕುಸಿದ ಕೆಲವೇ ವಾರಗಳಲ್ಲಿ, ಅವರ ಗೋಲ್ಡ್‌ಬರ್ಗ್ ಕುಟುಂಬ ರೇಡಿಯೊ ಪ್ರವೇಶಿಸಿತು. ವಲಸೆ ಬಂದ ಯಹೂದಿಗಳ ಮನೆಮಾತನ್ನು ಇಡೀ ದೇಶ ಒಂದೂವರೆ ದಶಕಕ್ಕೂ ಹೆಚ್ಚು ಕಾಲ ಕಿವಿಗೊಟ್ಟು ಕೇಳಿತು. ಮುಂದೆ ಟೆಲಿವಿಷನ್ನಿನಲ್ಲಿಯೂ ಅದೇ ಯಶಸ್ಸು. 1951ರ ಜನವರಿಯಲ್ಲಿ ಅತ್ಯುತ್ತಮ ನಟಿಯ ಎಮ್ಮಿ ಪ್ರಶಸ್ತಿಯನ್ನು ಮೊತ್ತಮೊದಲಿಗೆ ಪಡೆದವರು ಬರ್ಗ್.

ಆದರೆ ಆ ಹೊತ್ತಿಗಾಗಲೇ ಕಿಟಕಿಯೊಳಗಿನ ಮನೆಗೆ ಬೆಂಕಿ ಬಿದ್ದಿತ್ತು.

1950ರ ಜೂನಿನಲ್ಲಿ 'ರೆಡ್ ಚಾನೆಲ್ಸ್' ಎಂಬ ಪುಸ್ತಿಕೆ ಹೊರಬಂತು. ರೇಡಿಯೊ ಮತ್ತು ಟೆಲಿವಿಷನ್ ರಂಗದ 151 ಮಂದಿಗೆ ಕಮ್ಯುನಿಸ್ಟ್ ನಂಟಿದೆಯೆಂಬ ಶಂಕೆ ಹುಟ್ಟಿಸುವುದು ಅದರ ಕೆಲಸ. ಯಾವ ನ್ಯಾಯಾಲಯವೂ ವಿಚಾರಣೆ ನಡೆಸಿರಲಿಲ್ಲ. ಹೆಸರು ಅಚ್ಚಾದದ್ದೇ ತೀರ್ಪಾಯಿತು. ಪಟ್ಟಿಯಲ್ಲಿ ಮೋಲಿಯ ಗಂಡ ಜೇಕ್ ಪಾತ್ರದ ಫಿಲಿಪ್ ಲೋಬ್ ಇದ್ದರು. ನಟರ ಸಂಘದಲ್ಲಿ ದುಡಿದಿದ್ದ ಅವರು ತಾವು ಕಮ್ಯುನಿಸ್ಟ್ ಅಲ್ಲವೆಂದರೂ ಕೇಳುವವರಿರಲಿಲ್ಲ. ಪ್ರಾಯೋಜಕ ಕಂಪನಿ ಜನರಲ್ ಫುಡ್ಸ್ ಅದೇ ಆಗಸ್ಟಿನಲ್ಲಿ ಇನ್ನೊಂದು ಧಾರಾವಾಹಿಯಿಂದ ನಟಿ ಜೀನ್ ಮ್ಯೂರ್ ಅವರನ್ನು ಕಿತ್ತುಹಾಕಿತ್ತು. ಈಗ ಲೋಬ್ ಸರದಿ.

ಬರ್ಗ್ ಒಪ್ಪಲಿಲ್ಲ. ಕಂಪನಿಯ ಸರಕನ್ನು ಕೊಳ್ಳಬೇಡಿರೆಂದು ಜನರಿಗೇ ಹೇಳುವುದಾಗಿ ಬೆದರಿಸಿದರೆಂಬ ಮಾತೂ ಇದೆ. ಜಾಹೀರಾತಿಗೆ ತೆರೆದ ಕಿಟಕಿಯಿಂದ ಜಾಹೀರಾತುದಾರನ ವಿರುದ್ಧವೇ ಕೂಗುವ ಹೆಂಗಸು! ಕೆಲಕಾಲ ಕಂಪನಿ ಹಿಂಜರಿಯಿತು. ಕೊನೆಗೆ 1951ರಲ್ಲಿ ಪ್ರಾಯೋಜಕತ್ವ ಹೋಯಿತು, ಸಿಬಿಎಸ್ ಕೂಡ ಕೈಬಿಟ್ಟಿತು. ಕಥೆ ಅವರದು, ಪಾತ್ರ ಅವರದು, ಪ್ರಶಸ್ತಿಯೂ ಅವರದು. ಪ್ರಸಾರದ ಸಮಯ ಮಾತ್ರ ಹಣ ತೆತ್ತವನದು. ಲೋಬ್ ಇರುವವರೆಗೆ ಬೇರೆ ಪ್ರಾಯೋಜಕರೂ ಮುಂದೆ ಬರಲಿಲ್ಲ. ಇಡೀ ತಂಡದ ಅನ್ನ ನಿಂತಿತ್ತು. ಲೋಬ್ ಪರಿಹಾರ ಪಡೆದು ಹೊರನಡೆದ ಮೇಲೆ, 1952ರ ಫೆಬ್ರುವರಿಯಲ್ಲಿ ಧಾರಾವಾಹಿ ಎನ್‌ಬಿಸಿಗೆ ಮರಳಿತು. ಊಟದ ಮೇಜಿನ ಎದುರು ಬೇರೊಬ್ಬ ಜೇಕ್ ಕುಳಿತಿದ್ದ.

ಬರ್ಗ್ ಸೋತರೆಂದು ಹೇಳುವುದು ಸುಲಭ. ಆದರೆ ಒಂದೂವರೆ ವರ್ಷದಷ್ಟು ಕಾಲ ಪ್ರತಿರೋಧಿಸಿದವರು ಆ ಉದ್ಯಮದಲ್ಲಿ ಎಷ್ಟು ಮಂದಿ? ಅವರು ತೆರವು ಮಾಡಿದ ಸಿಬಿಎಸ್‌ನಲ್ಲಿಯೇ 1951ರ ಅಕ್ಟೋಬರಿನಲ್ಲಿ ಲೂಸಿಲ್ ಬಾಲ್ ಅವರ 'ಐ ಲವ್ ಲೂಸಿ' ಆರಂಭವಾಯಿತು. ಬಾಲ್ 1936ರಲ್ಲಿ ಕಮ್ಯುನಿಸ್ಟ್ ಪಕ್ಷದ ಮತದಾರಳೆಂದು ಹೆಸರು ನೋಂದಾಯಿಸಿದ್ದ ಸಂಗತಿ 1953ರಲ್ಲಿ ಬಯಲಾಯಿತು. ತಾತನ ಸಂತೋಷಕ್ಕಾಗಿ ಹಾಗೆ ಮಾಡಿದೆನೆಂದರು ಅವರು. ದೇಶದ ಅತಿ ಜನಪ್ರಿಯ ಧಾರಾವಾಹಿಯ ಪ್ರಾಯೋಜಕನಿಗೆ ಆ ವಿವರಣೆ ಸಾಕಾಯಿತು. ಲೋಬ್ ಅವರ ನಿರಾಕರಣೆಗೆ ಅಷ್ಟು ಬೆಲೆ ಸಿಗಲಿಲ್ಲ. ದೇಶಭಕ್ತಿಯ ಅಳತೆಗೋಲು ಎಲ್ಲಿತ್ತೆಂಬುದಕ್ಕೆ ಬೇರೆ ಸಾಕ್ಷಿ ಬೇಕೆ?

ಲೋಬ್ ಅವರಿಗೆ ಕೆಲಸ ಸಿಗುವುದು ದುಸ್ತರವಾಯಿತು. ಮಾನಸಿಕ ಅಸ್ವಸ್ಥನಾದ ಮಗನ ಆರೈಕೆಯ ವೆಚ್ಚ ಬೇರೆ. 1955ರ ಸೆಪ್ಟೆಂಬರ್ 1ರಂದು ನ್ಯೂಯಾರ್ಕಿನ ಹೋಟೆಲೊಂದರಲ್ಲಿ ಅವರು ಜೀವನ ಕೊನೆಗೊಳಿಸಿಕೊಂಡರು. ಆ ವರ್ಷ ಮೋಲಿಯ ಕುಟುಂಬ ಕಥೆಯಲ್ಲಿ ಬ್ರಾಂಕ್ಸ್ ತೊರೆದು ಉಪನಗರದ ಮನೆಗೆ ಸಾಗಿತ್ತು. ವಠಾರದ ನೆರೆಹೊರೆಯಿಲ್ಲದ ಮೋಲಿ ಹೆಚ್ಚು ದಿನ ನಿಲ್ಲಲಿಲ್ಲ. 1956ರಲ್ಲಿ ಧಾರಾವಾಹಿ ಮುಗಿಯಿತು.

ಬರ್ಗ್ ರಂಗಭೂಮಿಗೆ ಹೊರಳಿ 1959ರಲ್ಲಿ 'ಎ ಮೆಜಾರಿಟಿ ಆಫ್ ಒನ್' ನಾಟಕಕ್ಕೆ ಟೋನಿ ಪ್ರಶಸ್ತಿ ಗಳಿಸಿದರು. 1961ರಲ್ಲಿ ಸಿಬಿಎಸ್ ಮತ್ತೆ ಅವರನ್ನು ಕರೆದು ಹೊಸ ಧಾರಾವಾಹಿಯೊಂದನ್ನು ಕೊಟ್ಟಿತು. ಐದು ವರ್ಷಗಳ ನಂತರ, 1966ರಲ್ಲಿ ಅವರು ತೀರಿಕೊಂಡರು. ಆ ಕೊನೆಯ ಧಾರಾವಾಹಿಯಲ್ಲಿ ಅವರದು ಇಳಿವಯಸ್ಸಿನಲ್ಲಿ ಕಾಲೇಜು ಸೇರುವ ಹೆಂಗಸಿನ ಪಾತ್ರ. ಈ ಬಾರಿ ಮನೆಯಲ್ಲಿ ಗಂಡನಿರಲಿಲ್ಲ; ಆಕೆ ವಿಧವೆ.