ಪುಸ್ತಕದ ಪೆಟ್ಟಿಗೆಯಲ್ಲಿ ಪಾರಾದ ಪಂಡಿತ

1621ನೆಯ ಇಸವಿ ಮಾರ್ಚಿ 22ರಂದು ಹಾಲೆಂಡಿನ ಲೋವೆಸ್ಟೈನ್ ಕೋಟೆಯಿಂದ ಪುಸ್ತಕದ ಪೆಟ್ಟಿಗೆಯೊಂದು ಹೊರಬಿದ್ದಿತು. ಅಲ್ಲಿ ಸೆರೆಯಲ್ಲಿದ್ದ ವಿದ್ವಾಂಸನೊಬ್ಬನಿಗೆ ಪೆಟ್ಟಿಗೆ ತುಂಬ ಗ್ರಂಥಗಳು ಬರುವುದೂ, ಓದಿ ಮುಗಿದವು ಹಿಂದಿರುಗುವುದೂ ಪಹರೆಯವರಿಗೆ ರೂಢಿಯಾಗಿತ್ತು. ಮೊದಮೊದಲು ಮುಚ್ಚಳ ತೆರೆದು ನೋಡುತ್ತಿದ್ದವರು ಬರಬರುತ್ತ ಆ ಗೋಜನ್ನೇ ಬಿಟ್ಟಿದ್ದರು. ಇದನ್ನು ಗಮನಿಸಿದವಳು ಸೆರೆಯಾಳಿನ ಮಡದಿ ಮರಿಯಾ. ಅಂದು ಪೆಟ್ಟಿಗೆಯೊಳಗೆ ಮೈ ಮುದುರಿ ಮಲಗಿದ್ದವನು ಅವಳ ಪತಿಯೇ. ಎಲ್ಸ್ಯೆ ಎಂಬ ದಾಸಿ ಪೆಟ್ಟಿಗೆಯೊಡನೆ ದೋಣಿಯೇರಿ ನದಿ ದಾಟಿದಳು. ಮರಿಯಾ ಕೋಟೆಯಲ್ಲಿಯೇ ಉಳಿದಳು. ಗಾರೆ ಕೆಲಸದವನ ವೇಷ ತೊಟ್ಟು ಆತ ಆಂಟ್‌ವರ್ಪಿಗೂ ಅಲ್ಲಿಂದ ಪ್ಯಾರಿಸಿಗೂ ಹೋದನು.

ಆತನೇ ಹ್ಯೂಗೋ ಗ್ರೋಷಿಯಸ್. ರಾಷ್ಟ್ರ ರಾಷ್ಟ್ರಗಳ ನಡುವಣ ನ್ಯಾಯವನ್ನು ಕುರಿತು ಓದಿದವರೆಲ್ಲ ಕೇಳಿರುವ ಹೆಸರು. 1583ರಲ್ಲಿ ಡೆಲ್ಫ್ಟ್ ನಗರದಲ್ಲಿ ಹುಟ್ಟಿದವನು ಹನ್ನೊಂದನೆಯ ವಯಸ್ಸಿಗೇ ಲೈಡನ್ ವಿಶ್ವವಿದ್ಯಾಲಯವನ್ನು ಸೇರಿದನು. ಹದಿನೈದರಲ್ಲಿ, ಹಾಲೆಂಡಿನ ಮುತ್ಸದ್ದಿ ಓಲ್ಡನ್‌ಬಾರ್ನೆವೆಲ್ಟನ ಪರಿವಾರದೊಡನೆ ಫ್ರಾನ್ಸಿಗೆ ಹೋಗಿ ಬಂದು, ಮರುವರ್ಷ ಹೇಗ್‌ನಲ್ಲಿ ವಕೀಲಿಯನ್ನು ಆರಂಭಿಸಿದನು. ಬಾಲಪ್ರತಿಭೆಗಳು ಬಹುಮಟ್ಟಿಗೆ ಬೇಗನೆ ಬಾಡುತ್ತವೆ. ಇವನು ಬಾಡಲಿಲ್ಲ.

ಇವನ ಕೀರ್ತಿಗೆ ಮೊದಲ ಕಾರಣ ನಮ್ಮ ಪೂರ್ವ ಸಮುದ್ರಗಳಲ್ಲಿ ನಡೆದ ಒಂದು ಸೂರೆ. 1603ರಲ್ಲಿ ಸಿಂಗಪುರದ ಬಳಿ ಡಚ್ಚರು ಪೋರ್ತುಗೀಸರ ಸಾಂತಾ ಕಟರೀನಾ ಎಂಬ ಹಡಗನ್ನು ಹಿಡಿದರು. ಅದರಲ್ಲಿದ್ದ ಚೀನೀ ರೇಷ್ಮೆ, ಪಿಂಗಾಣಿ, ಕಸ್ತೂರಿ ಮೊದಲಾದ ಸರಕು ಹರಾಜಿನಲ್ಲಿ 30 ಲಕ್ಷ ಗಿಲ್ಡರಿಗೂ ಮೀರಿ ಮಾರಿತು. ಇದು ಕಳವೋ, ಯುದ್ಧದ ಗಳಿಕೆಯೋ? ಸೂರೆ ನ್ಯಾಯವೆಂದು ವಾದಿಸುವ ಹೊಣೆಯನ್ನು ಡಚ್ ಈಸ್ಟ್ ಇಂಡಿಯಾ ಕಂಪನಿ ಈ ತರುಣ ವಕೀಲನಿಗೆ ಒಪ್ಪಿಸಿತು. ಅವನು ಬರೆದುದರಲ್ಲಿ ಒಂದು ಅಧ್ಯಾಯ ಮಾತ್ರ 1609ರಲ್ಲಿ ‘ಮಾರೆ ಲಿಬೆರುಮ್’, ಎಂದರೆ ‘ಮುಕ್ತ ಸಮುದ್ರ’, ಎಂಬ ಹೆಸರಿನಿಂದ, ಕರ್ತೃವಿನ ಹೆಸರಿಲ್ಲದೆ ಅಚ್ಚಾಯಿತು. ಸಮುದ್ರ ಯಾರ ಸ್ವತ್ತೂ ಅಲ್ಲ. ಪೂರ್ವದೇಶಗಳಿಗೆ ತಮ್ಮವೇ ಆದ ಅರಸರೂ ಕಾನೂನುಗಳೂ ಇವೆ. ಕಂಡುಹಿಡಿದೆವೆಂಬ ಮಾತಿನಿಂದಾಗಲಿ ಪೋಪರ ದಾನದಿಂದಾಗಲಿ ಪೋರ್ತುಗೀಸರಿಗೆ ಅಲ್ಲಿ ಒಡೆತನ ಬರಲಾರದು. ಹೊನ್ನಾವರ, ಬಸರೂರು, ಮಂಗಳೂರುಗಳಲ್ಲಿ ಪೋರ್ತುಗೀಸರ ಕೋಟೆಗಳು ನಿಂತಿದ್ದ ಕಾಲ ಅದು. ಅವರ ರಹದಾರಿಯಿಲ್ಲದೆ ನಮ್ಮ ಕರಾವಳಿಯ ಹಡಗುಗಳಿಗೆ ಸಂಚಾರವೇ ಕಷ್ಟವಾಗಿದ್ದ ಕಾಲ.

ಆದರೆ ಈ ಉದಾರ ವಾದ ಹುಟ್ಟಿದ್ದು ಒಂದು ವ್ಯಾಪಾರಿ ಸಂಸ್ಥೆಯ ಹಿತಕ್ಕಾಗಿ ಎಂಬುದನ್ನು ನಾವು ಮರೆಯಲಾಗದು. ಡಚ್ಚರು ಮಸಾಲೆಯ ದ್ವೀಪಗಳ ವ್ಯಾಪಾರವನ್ನು ತಮ್ಮದೇ ಗುತ್ತಿಗೆಯಾಗಿ ಮಾಡಿಕೊಳ್ಳಹೊರಟಾಗ, 1613ರಲ್ಲಿ ಅವರ ಪರವಾಗಿ ಮಾತನಾಡಲು ಲಂಡನ್ನಿಗೆ ಹೋದವನೂ ಗ್ರೋಷಿಯಸನೇ. ಇಂಗ್ಲಿಷರು ‘ಮುಕ್ತ ಸಮುದ್ರ’ದ ವಾದವನ್ನೇ ಅವನಿಗೆ ಎದುರು ಹಿಡಿದರು! ಅರಸರೊಡನೆ ಮಾಡಿಕೊಂಡ ಒಪ್ಪಂದಗಳನ್ನು ಪಾಲಿಸಬೇಕು ಎಂದು ಅವನು ಉತ್ತರಿಸಿದನು. ಜಾಣ ಉತ್ತರವೇನೋ ಸರಿ. ಆ ಒಪ್ಪಂದಗಳು ಫಿರಂಗಿಯ ನೆರಳಿನಲ್ಲಿ ಆದವೆಂಬ ಮಾತನ್ನು ಅವನು ಎತ್ತಲಿಲ್ಲ.

ಅದೇ ವರ್ಷ ಅವನು ರಾಟರ್‌ಡಾಮ್ ನಗರದ ಪೆನ್ಷನರಿ, ಅಂದರೆ ನಗರಸಭೆಯ ನ್ಯಾಯಸಚಿವನಾದನು. ದೈವಸಂಕಲ್ಪ ಹೆಚ್ಚೋ, ಮನುಷ್ಯನ ಇಚ್ಛೆ ಹೆಚ್ಚೋ ಎಂಬ ವಿವಾದದಲ್ಲಿ ಆಗ ಡಚ್ ಕ್ರೈಸ್ತರು ಎರಡು ಬಣಗಳಾಗಿದ್ದರು. ಗ್ರೋಷಿಯಸನು ಸಹಿಷ್ಣುತೆಯ ಪಕ್ಷವನ್ನು ಹಿಡಿದನು. ಎದುರು ಬಣಕ್ಕೆ ಸೇನಾನಾಯಕ ಮಾರಿಸ್ ರಾಜಕುಮಾರನ ಬೆಂಬಲ ದೊರೆತೊಡನೆ ವಾದದ ಬದಲು ಕತ್ತಿ ಮಾತನಾಡಿತು. 1619ರ ಮೇ 13ರಂದು ಎಪ್ಪತ್ತು ದಾಟಿದ ಓಲ್ಡನ್‌ಬಾರ್ನೆವೆಲ್ಟನ ಶಿರಚ್ಛೇದವಾಯಿತು. ಗ್ರೋಷಿಯಸನಿಗೆ ಯಾವಜ್ಜೀವ ಸೆರೆ. ಸೆರೆಯಲ್ಲಿಯೇ ಅವನು ಹಾಲೆಂಡಿನ ನ್ಯಾಯಪದ್ಧತಿಯನ್ನು ಕುರಿತು ಡಚ್ ಭಾಷೆಯಲ್ಲಿ ಒಂದು ಗ್ರಂಥವನ್ನು ರಚಿಸಿದನು. ಲ್ಯಾಟಿನ್ ಪಂಡಿತನೊಬ್ಬನು ದೇಶಭಾಷೆಯಲ್ಲಿ ಶಾಸ್ತ್ರವನ್ನು ಹೇಳಿದುದು ಸಣ್ಣ ಸಂಗತಿಯಲ್ಲ. ಶ್ರೀಲಂಕಾ, ದಕ್ಷಿಣ ಆಫ್ರಿಕಾಗಳ ನ್ಯಾಯಶಾಸ್ತ್ರದಲ್ಲಿ ಆ ಗ್ರಂಥಕ್ಕೆ ಇಂದಿಗೂ ಮನ್ನಣೆಯುಂಟು.

ಪ್ಯಾರಿಸಿನಲ್ಲಿ ಫ್ರೆಂಚ್ ದೊರೆ ವೇತನವನ್ನು ಗೊತ್ತುಮಾಡಿದನು. ಅದು ಕೈಸೇರಿದುದು ಆಗೊಮ್ಮೆ ಈಗೊಮ್ಮೆ. ಆ ಬಡತನದಲ್ಲಿ, ಮೂವತ್ತು ವರ್ಷಗಳ ಯುದ್ಧ ಯೂರೋಪನ್ನು ಸುಡುತ್ತಿದ್ದಾಗ, 1625ರಲ್ಲಿ ‘ಯುದ್ಧ ಮತ್ತು ಶಾಂತಿಯ ನ್ಯಾಯ’ ಎಂಬ ಮಹಾಗ್ರಂಥ ಹೊರಬಂದಿತು. ಯುದ್ಧಕ್ಕೆ ನ್ಯಾಯವಾದ ಕಾರಣ ಬೇಕು. ಹೂಡಿದ ಮೇಲೂ ಅದಕ್ಕೆ ಮಿತಿ ಬೇಕು. ಶತ್ರುವಿಗೆ ಕೊಟ್ಟ ಮಾತೂ ಮಾತೇ. ದೇವರಿಲ್ಲವೆಂದು ಒಪ್ಪಿಕೊಂಡರೂ, ಅಂಥ ಒಪ್ಪಿಗೆ ಘೋರ ಪಾಪವೆಂದು ಸೇರಿಸಲು ಅವನು ಮರೆಯುವುದಿಲ್ಲ, ಈ ನ್ಯಾಯ ನಿಲ್ಲುತ್ತದೆ ಎನ್ನುತ್ತಾನೆ. ಮತದ ಹೆಸರಿನಲ್ಲಿ ಕಾದಾಡುತ್ತಿದ್ದ ಎರಡು ಪಂಗಡಗಳಿಗೂ ಒಪ್ಪಿಗೆಯಾಗಬಲ್ಲ ನೆಲೆ ಮನುಷ್ಯನ ವಿವೇಕವೊಂದೇ ಎಂದು ಕಂಡವನ ಮಾತಿದು. ಆದರೂ ಇದೇ ಗ್ರಂಥ ಗುಲಾಮಗಿರಿಗೆ ಎಡೆಗೊಟ್ಟಿದೆ. ಇದನ್ನು ಓದುವಾಗ ನಮ್ಮ ಮೆಚ್ಚಿಕೆ ತಡೆದು ನಿಲ್ಲುತ್ತದೆ.

1631ರಲ್ಲಿ ಆಸೆಯಿಂದ ತಾಯ್ನಾಡಿಗೆ ಮರಳಿದನು. ಬಂಧನದ ಭಯದಿಂದ ಮರುವರ್ಷವೇ ಮತ್ತೆ ಹೊರಟನು. ಮುಂದೆ ಸ್ವೀಡನ್ ದೇಶ ಅವನನ್ನು ಪ್ಯಾರಿಸಿನಲ್ಲಿ ತನ್ನ ರಾಯಭಾರಿಯನ್ನಾಗಿ ಮಾಡಿಕೊಂಡು ಸುಮಾರು ಹತ್ತು ವರ್ಷ ಇರಿಸಿತು. 1645ರಲ್ಲಿ ಆ ಪದವಿ ಕಳೆದು ಸ್ಟಾಕ್‌ಹೋಮಿನಿಂದ ಹಿಂದಿರುಗುವಾಗ ಬಾಲ್ಟಿಕ್ ಸಮುದ್ರದ ಬಿರುಗಾಳಿಗೆ ಹಡಗು ಸಿಕ್ಕಿತು. ದಡ ಸೇರಿ, ಬಳಲಿದ ದೇಹದಿಂದ ರಾಸ್ಟಾಕ್ ನಗರವನ್ನು ಮುಟ್ಟಿ, ಆಗಸ್ಟ್ 28ರಂದು ಅಲ್ಲಿಯೇ ತೀರಿಕೊಂಡನು. ಬದುಕಿದ್ದಾಗ ಹೊರಗಟ್ಟಿದ ನಾಡು ಅವನ ದೇಹಕ್ಕೆ ಡೆಲ್ಫ್ಟ್‌ನ ಹೊಸ ದೇವಾಲಯದಲ್ಲಿ ಜಾಗ ಕೊಟ್ಟಿತು. ಅವನು ಅಡಗಿ ಬಂದ ಪೆಟ್ಟಿಗೆ ತಮ್ಮಲ್ಲಿದೆಯೆಂದು ಹೇಳುವ ವಸ್ತುಸಂಗ್ರಹಾಲಯಗಳು ಈಗ ಹಾಲೆಂಡಿನಲ್ಲಿ ಒಂದಕ್ಕಿಂತ ಹೆಚ್ಚಾಗಿವೆ.