ತಪ್ಪಿದ ಡೋಸಿಗೂ ಒಂದು ಲೆಕ್ಕ



ಬಿತ್ತನೆ ತಪ್ಪಿದ ಸಾಲು ಯಾವುದೆಂದು ರೈತನಿಗೆ ಗೊತ್ತಿರುತ್ತದೆ. ಮಗುವಿಗೆ ತಪ್ಪಿದ ಲಸಿಕೆ ಯಾವುದೆಂದು ನಮಗೆ ಗೊತ್ತಿದೆಯೇ?

ಅಮೆರಿಕದ ಆಸ್ಪತ್ರೆಗಳಲ್ಲಿ ರೋಗಿಯ ದಾಖಲೆಯಲ್ಲಿ ಪ್ರತಿ ಕಾಯಿಲೆಗೂ ಒಂದು ಸಂಕೇತ ಬರೆಯುತ್ತಾರೆ. ಲಸಿಕೆ ಕಡಿಮೆಯಾದರೆ ಅದಕ್ಕೂ ಸಂಕೇತವುಂಟು. ಸರದಿಯ ಡೋಸು ಬಾಕಿಯಿದ್ದರೆ ‘ಝಡ್ 28.3’ರ ಗುಂಪು, ಹೇಳಿದ್ದಕ್ಕಿಂತ ಕಡಿಮೆ ಪ್ರಮಾಣ ದೇಹಕ್ಕೆ ಸೇರಿದ್ದರೆ ‘ಟಿ 50’ರ ಗುಂಪು. 2022ರ ಏಪ್ರಿಲ್ 1ರಿಂದ ಕೋವಿಡ್ ಲಸಿಕೆ ಪಡೆಯದವರಿಗೂ ಅರ್ಧಕ್ಕೆ ಬಿಟ್ಟವರಿಗೂ ಬೇರೆ ಬೇರೆ ಸಂಕೇತ ಬಂದವು. ಮುಂದೆ ನೋಡುವ ವೈದ್ಯರಿಗೆ ಬಾಕಿ ತಿಳಿಯಬೇಕಲ್ಲ!

ನಮ್ಮ ಮನೆಗಳಲ್ಲಿ ಆ ಕೆಲಸ ತಾಯಿ-ಮಗುವಿನ ಕಾರ್ಡಿನದು. ಪೆಂಟಾವೇಲೆಂಟ್ ಲಸಿಕೆಯನ್ನು 6, 10, 14ನೇ ವಾರ ಹೀಗೆ ಮೂರು ಸಲ ಹಾಕಿಸಬೇಕು. ಎರಡಕ್ಕೇ ನಿಲ್ಲಿಸಿದರೆ ಗಂಟಲುಮಾರಿ, ನಾಯಿಕೆಮ್ಮುಗಳಿಂದ ಪೂರ್ಣ ರಕ್ಷಣೆ ಸಿಗದು. ತಡವಾಯಿತು, ನರ್ಸಮ್ಮ ಬೈಯುತ್ತಾರೆ ಎಂದು ಅಂಜಿ ಮನೆಯಲ್ಲಿ ಕೂರಬೇಡಿ. ಮೊದಲಿನಿಂದ ಆರಂಭಿಸಬೇಕಿಲ್ಲ, ನಿಂತಲ್ಲಿಂದ ಮುಂದುವರಿಸಿದರೆ ಸಾಕು.

ಆದರೆ ಎಲ್ಲಿ ನಿಂತಿತೆಂದು ಹೇಳುವುದು ಕಾರ್ಡೇ. ಕಬ್ಬು ಕಡಿಯಲು, ಕಾಫಿ ಕೊಯ್ಲಿಗೆ ಗಡಿ ದಾಟುವಾಗ ಬುತ್ತಿಯ ಜೊತೆ ಅದನ್ನೂ ಗಂಟಿನಲ್ಲಿ ಕಟ್ಟಿಕೊಳ್ಳಿ. ಇಂದೇ ತೆಗೆದು ನೋಡಿ: ಖಾಲಿ ಮನೆ ಎಷ್ಟಿವೆ?